ಅಪ್‌ಡೇಟ್: ಕಬೊಚಾ ನಿಮೊನೊ, ಈ ಬಾರಿ ಹೋಳುಗಳು ಕರಗಲಿಲ್ಲ

ಜಪಾನಿನ ಕಬೊಚಾ ಕುಂಬಳದ ನಿಮೊನೊ (ರುಚಿ ಹಾಕಿದ ರಸದಲ್ಲಿ ಸಣ್ಣ ಉರಿಯಲ್ಲಿ ಬೇಯಿಸುವ ಅಡುಗೆ) ಮಾಡಿದಾಗಲೆಲ್ಲ ಹೋಳುಗಳು ಕರಗಿ ಗೊಜ್ಜಿನಂತಾಗುವುದೇಕೆ ಎಂದು ಹಿಂದೆ ಇಲ್ಲಿ ಕೇಳಿದ್ದೆ. ನೀವು ಸೂಚಿಸಿದಂತೆ ಹೋಳುಗಳ ಚೂಪಾದ ಅಂಚುಗಳನ್ನು ಸವರಿ (ಇದನ್ನು ಅಲ್ಲಿ ಮೆಂತೊರಿ ಎನ್ನುತ್ತಾರೆ), ಸಿಪ್ಪೆ ಕೆಳಗಾಗುವಂತೆ ಒಂದೇ ಪದರದಲ್ಲಿ ಜೋಡಿಸಿ, ಮುಳುಗುವಷ್ಟು ಮಾತ್ರ ಕೊಂಬು ದಾಶಿ (ಕೊಂಬು ಎಂಬ ಕಡಲಪಾಚಿಯ ತಿಳಿಸಾರು) ಹಾಕಿ, ಸಕ್ಕರೆ ಹಿಡಿದ ಮೇಲೆಯೇ ಸೋಯಾ ಸಾಸ್ ಸೇರಿಸಿದೆ. ಒತೊಶಿಬುತಾ ಎಂಬ ಮರದ ಒಳಮುಚ್ಚಳ ನನ್ನಲ್ಲಿಲ್ಲದ ಕಾರಣ ಬೇಕಿಂಗ್ ಕಾಗದವನ್ನು ಪಾತ್ರೆಯ ಅಳತೆಗೆ ಕತ್ತರಿಸಿ, ನಡುವೆ ತೂತು ಮಾಡಿ, ಹೋಳುಗಳ ಮೇಲೆಯೇ ಹೊದಿಸಿದೆ. ಸಣ್ಣ ಉರಿಯಲ್ಲಿ ರಸವು ಅದರಡಿ ಉಕ್ಕಿ ಮೇಲ್ಭಾಗಕ್ಕೂ ತಾಗುತ್ತಿದ್ದುದರಿಂದ ಸೌಟು ಆಡಿಸುವ ಅಗತ್ಯವೇ ಬೀಳಲಿಲ್ಲ. ಇಷ್ಟು ದಿನ ಎಲ್ಲವನ್ನೂ ಕೆಡಿಸುತ್ತಿದ್ದದ್ದು ಬಹುಶಃ ಸಾಂಬಾರಿನಿಂದ ಬಂದ ಆ ಅಭ್ಯಾಸವೇ. ಸುಮಾರು 15 ನಿಮಿಷಕ್ಕೆ ಬೆಂದಿತು. ಬಿಸಿಯಾಗಿ ತಿಂದ ಮೊದಲ ಹೋಳು ಮಾತ್ರ ಸಪ್ಪೆಯಾಗಿತ್ತು. ಒಲೆ ಆರಿಸಿ ತಣಿಯಲು ಬಿಟ್ಟ ನಂತರವೇ ರುಚಿ ಒಳಗಿಳಿಯಿತು.