ಹಲಾಖಾ: ಧರ್ಮಶಾಸ್ತ್ರ ಅನ್ನೋಣವೇ, ಕಾನೂನು ಅನ್ನೋಣವೇ, ನಡೆ ಅನ್ನೋಣವೇ?

ಎಲ್ಲರಿಗೂ ನಮಸ್ಕಾರ,

ಒಂದೇ ಒಂದು ಪದ ಎರಡು ವಾರದಿಂದ ಕಾಡುತ್ತಿದೆ. ಇಸ್ರೇಲಿನಲ್ಲಿ ಮದುವೆ, ವಿಚ್ಛೇದನ ಎಲ್ಲ ಹೇಗೆ ನಡೆಯುತ್ತವೆ ಅಂತ ಗೆಳೆಯರ ಪತ್ರಿಕೆಗೆ ಬರೆಯುತ್ತಿದ್ದೇನೆ. ಅದರಲ್ಲಿ ಸಾಲು ಸಾಲಿಗೂ ಬರುವ ಮಾತು 'ಹಲಾಖಾ', ಯೆಹೂದಿಗಳು ಹೇಗೆ ಬದುಕಬೇಕು ಅನ್ನುವ ನಿಯಮಗಳಿಗೆಲ್ಲ ಸೇರಿ ಇರುವ ಹೀಬ್ರೂ ಹೆಸರು. ಹಾಗೇ ಬಿಟ್ಟು ಕಳಿಸಿದೆ, ಕರಡು ತಿದ್ದುವವರು ಎಲ್ಲ ಕಡೆ 'ಹಲಾಲ್' ಮಾಡಿ ವಾಪಸ್ ಕೊಟ್ಟರು. ಅವರ ತಪ್ಪಲ್ಲ ಬಿಡಿ. ಕನ್ನಡದ್ದೇ ಪದ ಹಾಕೋಣ ಅಂತ ಹೊರಟರೆ ಯಾವುದೂ ಸರಿಯಾಗಿ ಕೂರುತ್ತಿಲ್ಲ.

ಮೊದಲು ಕೈಗೆ ಸಿಗುವುದು 'ಧರ್ಮಶಾಸ್ತ್ರ'. ಕನ್ನಡ ಬೈಬಲಿನಲ್ಲಿ 'ಮೋಶೆಯ ಧರ್ಮಶಾಸ್ತ್ರ' ಅಂತಲೇ ಇದೆ. ಆದರೆ ಅದು ತೋರಾಗೆ ಇಟ್ಟ ಹೆಸರು. ತೋರಾ ಅಂದರೆ ಕಲಿಸಿಕೊಟ್ಟದ್ದು, ಮೋಶೆಯ ಐದು ಪುಸ್ತಕ. ಹಲಾಖಾ ಅಲ್ಲಿಂದ ಶುರುವಾಗಿ, ಬಾಯಿಮಾತಿನಲ್ಲಿ ಬಂದ ನಿಯಮಗಳನ್ನು ಕ್ರಿ.ಶ. 200ರ ಸುಮಾರಿಗೆ ಒಟ್ಟು ಮಾಡಿದ ಮಿಶ್ನಾ, ಅದರ ಮೇಲೆ ನಡೆದ ವಾದಗಳನ್ನೆಲ್ಲ ತುಂಬಿಕೊಂಡ ತಲ್ಮೂದ್, 1565ರಲ್ಲಿ ವೆನಿಸ್‌ನಲ್ಲಿ ಅಚ್ಚಾದ ಯೋಸೆಫ್ ಕಾರೋ ಅನ್ನುವ ಪಂಡಿತನ ಕೈಪಿಡಿ, ಇವತ್ತಿನ ರಬ್ಬಿಗಳು (ಯೆಹೂದಿ ಧರ್ಮಗುರುಗಳು) ಕೊಡುವ ಉತ್ತರಗಳು, ಇದೆಲ್ಲ ಸೇರಿ ಬೆಳೆಯುತ್ತಲೇ ಇರುವಂಥದ್ದು. (ಆ ಕೈಪಿಡಿಯ ಹೆಸರು ಶುಲ್ಖಾನ್ ಆರೂಖ್, ಊಟಕ್ಕೆ ಅಣಿ ಮಾಡಿಟ್ಟ ಮೇಜು ಅಂತ. ನಾನಾದರೆ 'ಬಡಿಸಿಟ್ಟ ಎಲೆ' ಅನ್ನುತ್ತಿದ್ದೆ. ಪೋಲೆಂಡಿನ ರಬ್ಬಿ ಮೋಶೆ ಇಸ್ಸೆರ್ಲೆಸ್ ತಮ್ಮ ಕಡೆಯ ರೂಢಿಗಳನ್ನು ಸೇರಿಸಿ ಬರೆದ ಟಿಪ್ಪಣಿಗೆ 'ಮೇಜಿನ ಹಾಸು' ಅಂತ ಹೆಸರಿಟ್ಟರು!)

'ಧರ್ಮಶಾಸ್ತ್ರ' ಅಂದ ಕೂಡಲೇ ನಮ್ಮ ಓದುಗರಿಗೆ ಮನು ನೆನಪಾಗುತ್ತಾನೆ, ಎಂದೋ ಬರೆದು ಮುಗಿಸಿದ ಪುಸ್ತಕ ಅನ್ನಿಸುತ್ತದೆ. ನಿಜ ಹೇಳಬೇಕೆಂದರೆ ನಮ್ಮದೂ ಹಾಗೆ ಮುಗಿದದ್ದಲ್ಲ. ಯಾಜ್ಞವಲ್ಕ್ಯ ಸ್ಮೃತಿಗೆ ವಿಜ್ಞಾನೇಶ್ವರ ಕಲ್ಯಾಣದಲ್ಲಿ ಕೂತು ಬರೆದ ವ್ಯಾಖ್ಯಾನ ಮಿತಾಕ್ಷರವನ್ನು ಹಿಡಿದು ಇಂಗ್ಲಿಷರ ಕೋರ್ಟುಗಳು ಆಸ್ತಿ ಹಂಚಿದವು. ಆ ಸ್ಮೃತಿಯಲ್ಲಿ ಆಚಾರ, ವ್ಯವಹಾರ, ಪ್ರಾಯಶ್ಚಿತ್ತ ಅಂತ ಮೂರು ಭಾಗ ಇವೆಯಲ್ಲ, ಹಲಾಖಾದಲ್ಲೂ ಮೂರೂ ಇವೆ. ಅರ್ಥ ನೋಡಿದರೆ ಇದೇ ಹತ್ತಿರದ ಪದ. ಆದರೂ ಬೇಡ ಅನ್ನಿಸುತ್ತದೆ, ಓದುವವರ ತಲೆಯಲ್ಲಿ ಮೂಡುವ ಚಿತ್ರವೇ ಬೇರೆ.

'ಯೆಹೂದಿ ಕಾನೂನು' ಅನ್ನಿ, ಸುಲಭ, ಅಂದರು ಒಬ್ಬರು. ಎತ್ತು ಹಾಯ್ದು ಪಕ್ಕದವನ ದನ ಸತ್ತರೆ ಯಾರು ಎಷ್ಟು ಕೊಡಬೇಕು ಅನ್ನುವುದು ಹಲಾಖಾದಲ್ಲಿದೆ, ಅಲ್ಲಿಗೆ ಕಾನೂನು ಸರಿ. ಮಲಗುವಾಗ ಏನು ಹೇಳಿಕೊಳ್ಳಬೇಕು, ಮಾಂಸದ ಪಾತ್ರೆ ಹಾಲಿನ ಪಾತ್ರೆ ಹೇಗೆ ಬೇರೆ ಇಡಬೇಕು ಅನ್ನುವುದೂ ಅದರಲ್ಲೇ ಇದೆ. ಅದಕ್ಕೂ ಕಾನೂನು ಅನ್ನೋಣವೇ? ಅದೂ ಅಲ್ಲದೆ ಕಾನೂನು ಅಂದರೆ ಹಿಂದೆ ಪೊಲೀಸರು, ಜೈಲು ಇರಬೇಕು ಅಲ್ವಾ? ಜೆರುಸಲೇಮಿನ ದೇವಾಲಯ ಕ್ರಿ.ಶ. 70ರಲ್ಲಿ ಬಿದ್ದ ಮೇಲೆ ನೂರಾರು ವರ್ಷ ಹಲಾಖಾ ನಡೆದದ್ದು ಬೇರೆಯವರ ರಾಜ್ಯಗಳಲ್ಲಿ. ಅದಕ್ಕೇ 3ನೇ ಶತಮಾನದಲ್ಲಿ ಬಾಬಿಲೋನಿನ ಶಮೂಯೇಲ್ ಅನ್ನುವ ಪಂಡಿತ 'ದಿನಾ ದೆ ಮಲ್ಖೂತಾ ದಿನಾ' ಅಂದ, ರಾಜ್ಯದ ಕಾನೂನೂ ಕಾನೂನೇ ಅಂತ. ತೆರಿಗೆ, ಜಮೀನಿನ ಪತ್ರ ಇಂಥವಕ್ಕೆ ಅದು ಸಲ್ಲುತ್ತದೆ, ಏನು ತಿನ್ನಬೇಕು ಅನ್ನುವುದಕ್ಕಲ್ಲ. ಹಲಾಖಾಗೂ 'ಕಾನೂನು' ಅಂದುಬಿಟ್ಟರೆ ಈ ಮಾತನ್ನು ಬರೆಯೋದು ಹೇಗೆ ಹೇಳಿ.

ಅಲ್ಲಿನ ಪದಗಳೇ ಗಡಿ ದಾಟಿ ಓಡಾಡುತ್ತವೆ. ಹೀಬ್ರೂವಿನಲ್ಲಿ 'ದೀನ್' ಅಂದರೆ ತೀರ್ಪು, ನ್ಯಾಯ. ಅರಬ್ಬಿಯಲ್ಲಿ ಅದೇ 'ದೀನ್' ಧರ್ಮ. ಹೀಬ್ರೂವಿಗೆ ಪರ್ಷಿಯನ್ನಿಂದ ಬಂದ 'ದಾತ್' ಬೈಬಲಿನ ಎಸ್ತೇರಳ ಕಥೆಯಲ್ಲಿ ರಾಜನ ಕಟ್ಟಳೆ, ಇವತ್ತಿನ ಹೀಬ್ರೂವಿನಲ್ಲಿ ಧರ್ಮ! ಆ ದಾತ್ ನಮ್ಮ 'ಧರ್ಮ'ಕ್ಕೆ ನೆಂಟನಲ್ಲ, 'ವಿಧಿ', 'ವಿಧಾನ'ಗಳಲ್ಲಿರುವ 'ಧಾ'ಗೆ ನೆಂಟ. ಖುಷಿಯಾಗಿ 'ವಿಧಿ' ಹಾಕಿ ನೋಡಿದೆ. 'ಯೆಹೂದಿಗಳ ವಿಧಿ' ಅಂತ ಓದಿದ ಮನೆಯವರು, ಅಯ್ಯೋ ಪಾಪ, ಏನಾಯಿತು ಅವರಿಗೆ ಅಂದರು.

ಕೊನೆಗೆ ಧಾತುವಿಗೇ ಹೋದೆ. ಹ-ಲ-ಖ ಅಂದರೆ ಹೋಗು, ನಡೆ. ಕಾಲಲ್ಲಿ ನಡೆಯುವುದು. ಕನ್ನಡದ 'ನಡೆ' ಇದೇ ಕೆಲಸ ಮಾಡುತ್ತದೆ, ಕಾಲಿನ ನಡೆಯಿಂದ ನಡತೆ, ನಡೆದುಕೊಳ್ಳುವುದು, ನಡವಳಿಕೆ. ಸಂಸ್ಕೃತದಿಂದ ಬಂದ 'ಆಚಾರ', 'ಪದ್ಧತಿ' ಕೂಡ ನಡಿಗೆಯವೇ, ಒಂದರಲ್ಲಿ 'ಚರ' ಇದೆ, ಇನ್ನೊಂದರಲ್ಲಿ ಪಾದ ಇದೆ. ಆದರೆ 'ಆಚಾರ' ಅಂದರೆ ಈಗ ಬರೀ ಮಡಿ ಅನ್ನಿಸುತ್ತದೆ. 'ಪದ್ಧತಿ'ಯನ್ನು ಬೇರೆ ಕಡೆಗೆ ಉಳಿಸಿಕೊಳ್ಳಬೇಕು, 'ಮಿನ್ಹಾಗ್' ಅಂತ ಇನ್ನೊಂದು ಪದ ಇದೆ, ಆಯಾ ಕಡೆಯ ಯೆಹೂದಿಗಳ ರೂಢಿ ಅಂತ. ಪಸ್ಕ ಹಬ್ಬದ ದಿನಗಳಲ್ಲಿ ಅಷ್ಕೆನಾಜಿಗಳು (ಜರ್ಮನಿ, ಪೋಲೆಂಡ್ ಕಡೆಯ ಮೂಲದವರು) ಅನ್ನ, ಬೇಳೆ ಮುಟ್ಟುವುದಿಲ್ಲ, ಸೆಫಾರ್ದಿಗಳಲ್ಲಿ (ಸ್ಪೇನ್ ಕಡೆಯ ಮೂಲದವರು) ಎಷ್ಟೋ ಜನ ಅನ್ನ ಉಣ್ಣುತ್ತಾರೆ, ಅದು ಮಿನ್ಹಾಗ್. ಅದರ ಧಾತುವಿಗೆ ದನ ಹೊಡೆದುಕೊಂಡು ಹೋಗು ಅನ್ನುವ ಅರ್ಥವಿದೆ. ಒಂದು ತಾನೇ ನಡೆಯುವುದು, ಇನ್ನೊಂದು ನಡೆಸಿಕೊಂಡು ಹೋಗುವುದು, ಚೆನ್ನಾಗಿದೆ ಅಲ್ವಾ?

ನಡೆ ನೋಡಿಯೇ ಜನರನ್ನು ಗುರುತಿಸಿದ್ದು ನಮ್ಮ ಪಕ್ಕದಲ್ಲೇ ಇದೆ. ಕೊಂಕಣದ ಬೆನೆ ಇಸ್ರೇಲ್ ಯೆಹೂದಿಗಳು ಎಣ್ಣೆ ತೆಗೆಯುವವರು, ಶನಿವಾರ ಗಾಣ ಕಟ್ಟುತ್ತಿರಲಿಲ್ಲ. ಊರವರು ಅವರನ್ನು 'ಶನಿವಾರ ತೇಲಿ' ಅಂದರು, ಶನಿವಾರದ ಗಾಣಿಗರು. ಇದೇ ಜನ ಇಸ್ರೇಲಿಗೆ ಹೋದಾಗ, 1962ರಲ್ಲಿ ಅಲ್ಲಿನ ಮುಖ್ಯ ರಬ್ಬಿಗಳು ಇವರ ಮದುವೆಗೆ ಮೊದಲು ವಂಶ ವಿಚಾರಿಸಿ ಅಂತ ಸೂಚನೆ ಕೊಟ್ಟರು. ಬೆನೆ ಇಸ್ರೇಲಿಗಳು ಬೀದಿಗಿಳಿದರು, 1964ರಲ್ಲಿ ಇಸ್ರೇಲಿನ ಸಂಸತ್ತು ಇವರೂ ಎಲ್ಲ ರೀತಿಯಲ್ಲೂ ಯೆಹೂದಿಗಳೇ ಎಂದು ಹೇಳಬೇಕಾಯಿತು. 1953ರ ಕಾಯ್ದೆ ಅಲ್ಲಿನ ಯೆಹೂದಿಗಳ ಮದುವೆ, ವಿಚ್ಛೇದನವನ್ನು ರಬ್ಬಿಗಳ ನ್ಯಾಯಾಲಯಕ್ಕೆ ಒಪ್ಪಿಸಿದೆ. ಅಂದರೆ ಇಲ್ಲಿ ಮಾತ್ರ ಹಲಾಖಾಗೆ ಸರ್ಕಾರದ ಬಲ ಬಂತು, ಇಲ್ಲಿ ಮಾತ್ರ ನನಗೆ 'ಕಾನೂನು' ಅನ್ನುವ ಪದ ಕೈತಪ್ಪಿ ಬರುತ್ತದೆ. ಗಂಡ ಬಿಡುಗಡೆ ಪತ್ರ ಕೊಡದೆ ಸತಾಯಿಸಿದರೆ ಹೆಂಡತಿ 'ಅಗುನಾ', ಕಟ್ಟಿಹಾಕಿದವಳು. ಅವಳ ಮುಂದೆ ನಿಂತು 'ನಡೆ' ಅನ್ನುವ ಹಗುರ ಪದ ಬಳಸಲು ಮನಸ್ಸಾಗುವುದಿಲ್ಲ.

ಸದ್ಯಕ್ಕೆ ನನ್ನ ಒಲವು 'ನಡಾವಳಿ' ಕಡೆಗೆ. ತೊಂದರೆ ಏನೆಂದರೆ ಸರ್ಕಾರಿ ಆದೇಶದ ನೆತ್ತಿಯ ಮೇಲೆ 'ಕರ್ನಾಟಕ ಸರ್ಕಾರದ ನಡವಳಿಗಳು' ಅಂತ ಇರುತ್ತದೆ, ಕಚೇರಿಯಲ್ಲಿ ದುಡಿದವರಿಗೆ ಅದೇ ಕಾಣುತ್ತದೆ. ಕರಾವಳಿಯಲ್ಲಿ ನಡಾವಳಿ ಅಂದರೆ ದೇವಸ್ಥಾನದ, ದೈವದ ಉತ್ಸವ.

ನನ್ನ ಪ್ರಶ್ನೆ ಇಷ್ಟು. ನಿಮ್ಮ ಊರಲ್ಲಿ, ನಿಮ್ಮ ಜನದಲ್ಲಿ 'ನಾವು ಹೀಗೇ ನಡೆಯಬೇಕು, ಇದು ನಮ್ಮ ಕಟ್ಟು' ಅನ್ನುವುದಕ್ಕೆ ಹಿರಿಯರು ಯಾವ ಪದ ಬಳಸುತ್ತಿದ್ದರು? ನಡಾವಳಿ, ಕಟ್ಟಳೆ, ಕಟ್ಟುಪಾಡು, ಬೇರೆ ಏನಾದರೂ? ಅದು ಊಟದ ವಿಷಯಕ್ಕೂ ಜಮೀನಿನ ಜಗಳಕ್ಕೂ ಎರಡಕ್ಕೂ ಬರುತ್ತಿತ್ತೇ? ಎರಡಕ್ಕೂ ಬರುವ ಪದ ಇದ್ದರೆ ಅದೇ ನನಗೆ ಬೇಕು. ಸುಮ್ನೆ ನಿಘಂಟು ನೋಡಿ ಅನ್ನಬೇಡಿ, ನೋಡಿಯಾಗಿದೆ.