ಫ್ರಿಜ್ ಸಂಜೆ ಹೊತ್ತು ಟಕ್ ಟಕ್ ಅನ್ನುತ್ತಿದೆ, ಯಾರಿಗಾದರೂ ಹೀಗಾಗಿದೆಯಾ?

ಕೇಳಿದವರು, ತೀರ್ಥಹಳ್ಳಿ: ಮಳೆ ಹಿಡಿದ ಮೇಲೆ ನಮ್ಮ ಫ್ರಿಜ್ ಸಂಜೆಯಾದರೆ ಗುಂಯ್ ಅನ್ನುತ್ತದೆ, ಆಮೇಲೆ ಟಕ್. ಸ್ವಲ್ಪ ಹೊತ್ತಿಗೆ ಮತ್ತೆ ಅದೇ. ಬೆಳಿಗ್ಗೆ ಸರಿ ಇರುತ್ತದೆ. ರಿಪೇರಿಯವರು ಫೋನಿನಲ್ಲೇ ಕಂಪ್ರೆಸರ್ ಹೋಗಿದೆ ಅಂದರು.

ಸಾಗರದಿಂದ: ಅಕ್ಕಾ, ಈಗಲೇ ಕಂಪ್ರೆಸರ್ ಬದಲಿಸಬೇಡಿ. ಸಂಜೆ ಮಾತ್ರ ತೊಂದರೆ ಅಂದರೆ ಮೊದಲು ಕರೆಂಟು ನೋಡಬೇಕು. ಕಂಪ್ರೆಸರ್ ಸ್ಟಾರ್ಟ್ ಆಗುವಾಗ ಜಾಸ್ತಿ ಕರೆಂಟು ಎಳೆಯುತ್ತದೆ. ವೋಲ್ಟೇಜ್ ಸಾಲದಿದ್ದರೆ ತಿರುಗಲಾಗದೆ ಗುಂಯ್ ಅನ್ನುತ್ತಾ ಬಿಸಿಯಾಗುತ್ತದೆ. ಆಗ ಅದರ ಪಕ್ಕದ ಓವರ್‌ಲೋಡ್ ಅನ್ನುವ ಸಣ್ಣ ಸ್ವಿಚ್ ಟಕ್ ಅಂತ ಕರೆಂಟು ಕಡಿಯುತ್ತದೆ. ಆರಿದ ಮೇಲೆ ಮತ್ತೆ ಶುರು. ನಮ್ಮದು ಲೈನಿನ ಕೊನೆಯ ಮನೆ. ಕೊಯ್ಲಿನ ಕಾಲದಲ್ಲಿ ಅಡಿಕೆ ಸುಲಿಯುವ ಮಷಿನ್ ಹಾಕಿದರೆ ಬಲ್ಬೇ ಮಂಕಾಗುತ್ತಿತ್ತು. 230 ಇರಬೇಕಾದ ವೋಲ್ಟೇಜ್ 160ಕ್ಕೆ ಇಳಿದದ್ದನ್ನು ಎಲೆಕ್ಟ್ರಿಷಿಯನ್ ಮೀಟರ್ ಹಿಡಿದು ತೋರಿಸಿದರು. ಸ್ಟೆಬಿಲೈಜರ್ ಹಾಕಿದ ಮೇಲೆ ಸದ್ದಿಲ್ಲ. ಕರೆಂಟು ಬಂದ ಮೇಲೆ ಕೆಲವು ನಿಮಿಷ ತಡೆದು ಕೊಡುವಂಥದ್ದನ್ನೇ ತಗೊಳ್ಳಿ. ಮಳೆಗಾಲದಲ್ಲಿ ಕರೆಂಟು ಹೋಗುತ್ತಾ ಬರುತ್ತಾ ಇರುತ್ತದೆ ಅಲ್ವಾ, ಪೈಪಿನೊಳಗೆ ಗ್ಯಾಸಿನ ಒತ್ತಡ ಸಮವಾಗುವ ಮೊದಲೇ ಸ್ಟಾರ್ಟ್ ಆಗಲು ಹೋದರೆ ಒಳ್ಳೆ ವೋಲ್ಟೇಜ್ ಇದ್ದರೂ ಇದೇ ಟಕ್. ವೋಲ್ಟೇಜ್ ಸರಿ ಇದ್ದೂ ಸದ್ದು ನಿಲ್ಲದಿದ್ದರೆ ಕಂಪ್ರೆಸರ್ ಸ್ಟಾರ್ಟ್ ಮಾಡಿಸುವ ರಿಲೇ ನೋಡಿಸಿ. ಸಣ್ಣ ಸಾಮಾನು, ಕಂಪ್ರೆಸರಿಗಿಂತ ಎಷ್ಟೋ ಅಗ್ಗ.

ಹೊಸನಗರದಿಂದ: ನಮ್ಮ ಫ್ರಾಸ್ಟ್ ಫ್ರೀ ಫ್ರಿಜ್‌ದು ಬೇರೆ ಥರ. ಕರಕರ ಸದ್ದು, ಬಾಗಿಲು ತೆಗೆದ ಕೂಡಲೇ ನಿಲ್ಲುತ್ತಿತ್ತು. ಬಾಗಿಲು ತೆಗೆದರೆ ಒಳಗಿನ ಫ್ಯಾನ್ ನಿಲ್ಲುತ್ತದೆ, ಹಾಗಾಗಿ ಅದರ ಮೇಲೇ ಅನುಮಾನ ಬಂತು. ರೆಕ್ಕೆಗೆ ಐಸ್ ತಾಗುತ್ತಿತ್ತು. ಪ್ಲಗ್ ಕಿತ್ತು, ಬಾಗಿಲು ತೆರೆದು ಒಂದು ದಿನ ಬಿಟ್ಟೆವು. ಐಸ್ ಕೆರೆಯಲು ಚಾಕು ಮಾತ್ರ ಹಾಕಬೇಡಿ, ಪೈಪ್ ತೂತಾದರೆ ಗ್ಯಾಸ್ ಪೂರ್ತಿ ಹೋಗುತ್ತದೆ. ಇಷ್ಟು ಐಸ್ ಯಾಕೆ ಕಟ್ಟಿತು ಅಂತ ಬಾಗಿಲಿನ ರಬ್ಬರಿಗೆ ಕಾಗದ ಸಿಕ್ಕಿಸಿ ಎಳೆದು ನೋಡಿದೆವು. ಎಲ್ಲ ಕಡೆ ಬಿಗಿ, ಕೆಳಗಿನ ಮೂಲೆಯಲ್ಲಿ ಮಾತ್ರ ಸುಮ್ನೆ ಜಾರಿ ಬಂತು. ನಮ್ಮ ಮಳೆಗಾಲದ ತೇವದ ಗಾಳಿ ಅಲ್ಲಿಂದಲೇ ನುಗ್ಗುತ್ತಿತ್ತು. ಬಿಸಿನೀರಿನ ಬಟ್ಟೆಯಲ್ಲಿ ಮೆತ್ತಗೆ ಒರೆಸಿದ್ದಕ್ಕೇ ರಬ್ಬರ್ ಸರಿಯಾಗಿ ಕೂತಿತು.

ಶಿವಮೊಗ್ಗದಿಂದ: ಗುಳುಗುಳು ಸದ್ದಿಗೆ ಹೆದರಬೇಡಿ, ಅದು ಗ್ಯಾಸ್ ಹರಿಯುವುದು. ಗಡಗಡ ಅಂದರೆ ಹಿಂದೆ ಕಂಪ್ರೆಸರ್ ಮೇಲಿರುವ ನೀರಿನ ಟ್ರೇ ಅಲುಗಾಡುತ್ತಿರಬಹುದು, ಇಲ್ಲವೇ ಫ್ರಿಜ್‌ನ ಕಾಲು ಮಟ್ಟವಾಗಿಲ್ಲ. ಪ್ಲಗ್ ತೆಗೆದೇ ಹಿಂದೆ ಕೈ ಹಾಕಿ. ಇಲಿ ವೈರ್ ಕಡಿದಿದೆಯಾ ಅಂತಲೂ ಅಲ್ಲೇ ನೋಡಿಬಿಡಿ, ಅಟ್ಟ ಇರುವ ಮನೆಯಲ್ಲಿ ಅದರ ಕಾಟ ಜಾಸ್ತಿ.