ಹ್ಯಾಂಬರ್ಗಿನ ಗ್ಲುಕೆಲ್ ಆತ್ಮಕಥೆ: ಯಾವ ಅನುವಾದ?

ಪ್ರಶ್ನೆ: ಯಹೂದಿ ವ್ಯಾಪಾರಿ ಗ್ಲುಕೆಲ್ (ನಿಧನ 1724) ಬರೆದದ್ದನ್ನು ಇಂಗ್ಲಿಷಿನಲ್ಲಿ ಓದಬೇಕು. ಒಂದು ಅನುವಾದದಲ್ಲಿರುವ ಕಥೆಗಳು ಇನ್ನೊಂದರಲ್ಲಿ ಇಲ್ಲವಲ್ಲ, ಯಾಕೆ?

ಉತ್ತರ 1: 1932ರ ಲೋವೆಂಥಾಲ್ ಅನುವಾದದಲ್ಲಿ ಕತ್ತರಿ ಆಡಿದೆ. ನೀತಿಕಥೆಗಳು ಅಡ್ಡ ಬರುತ್ತವೆಂದು ಬಿಟ್ಟಿದ್ದು ದೊಡ್ಡ ತಪ್ಪು. ಇಂಥ ಕಥೆಗಳು ಎಷ್ಟು ಮುಖ್ಯವೆಂದು ತಿಳಿಯಲು, ಆ ಅನುವಾದದಲ್ಲೂ ಉಳಿದಿರುವ, ಬಿರುಗಾಳಿಯಲ್ಲಿ ಮರಿಗಳನ್ನು ಕಡಲು ದಾಟಿಸುವ ಹಕ್ಕಿಯ ಕಥೆಯನ್ನೇ ನೋಡಿ: ‘ಮುಪ್ಪಿನಲ್ಲಿ ನಿನ್ನನ್ನು ಸಾಕುತ್ತೇನೆ’ ಎಂದ ಮರಿಗಳನ್ನು ಸುಳ್ಳುಗಾರರೆಂದು ಹಕ್ಕಿ ಕಡಲಿಗೆ ಬಿಡುತ್ತದೆ, ಅವು ಮುಳುಗುತ್ತವೆ; ‘ನನ್ನ ಮಕ್ಕಳಿಗೆ ಹೀಗೇ ಮಾಡುತ್ತೇನೆ’ ಎಂದದ್ದು ಉಳಿಯುತ್ತದೆ. ಮಕ್ಕಳಿಗಾಗಿಯೇ ಬರೆದವಳ ಮನಸ್ಸು ಅಲ್ಲಿದೆ. ತುರ್ನಿಯಾನ್ಸ್ಕಿ ಸಂಪಾದಿಸಿದ 2019ರ ಪೂರ್ಣ ಆವೃತ್ತಿ ಹಿಡಿಯಿರಿ.

ಉತ್ತರ 2: ಒಪ್ಪುತ್ತೇನೆ. ಜರ್ಮನ್ ಬರುವುದಾದರೆ ಬೆರ್ಥಾ ಪಾಪೆನ್‌ಹೈಮ್ ಅವರ 1910ರ ಅನುವಾದ ನೋಡಿ. ಮೂಲ ಯಿದ್ದಿಶ್ (ಯುರೋಪಿನ ಯಹೂದಿಗಳ ಆಡುಭಾಷೆ), ಗ್ಲುಕೆಲ್ ಕೈಬರಹ ಉಳಿದಿಲ್ಲ, ಮಗನ ಪ್ರತಿಯಿಂದ 1896ರಲ್ಲಿ ಅಚ್ಚಾಯಿತು.